ಅತ್ತಿಕಾಯಿಯೊಳಗಿನ ಗಾಲ್ ಕಣಜಗಳು: ಬಿಚ್ಚಿ ನೋಡಿ, ಸಾಕಿ, ಗುರುತಿಸುವ ಸಮಗ್ರ ಮಾರ್ಗದರ್ಶಿ

ಮಾಗಿದ ಅತ್ತಿಹಣ್ಣನ್ನು ಬಿಚ್ಚಿ, ಒಳಗೆ ಹುಳ ಕಂಡು ಎಸೆಯದವರು ಕಡಿಮೆ. ಆ ಹುಳಗಳಲ್ಲಿ ಬಹುಪಾಲು ಒಂದೆರಡು ಮಿಲಿಮೀಟರ್ ಉದ್ದದ ಕಣಜಗಳು. ಅತ್ತಿಕಾಯಿ ಎಂದು ನಾವು ಕರೆಯುವುದು ಒಳಮುಖವಾಗಿ ಮಡಚಿಕೊಂಡ ಹೂಗೊಂಚಲು. ಸಾವಿರಾರು ಪುಟ್ಟ ಹೂಗಳು ಅದರ ಒಳಗೋಡೆಗೆ ಅಂಟಿಕೊಂಡಿರುತ್ತವೆ. ಹೆಣ್ಣು ಕಣಜ ಒಂದೊಂದು ಹೂವಿನ ಅಂಡಾಶಯದೊಳಗೆ ಒಂದೊಂದು ಮೊಟ್ಟೆ ಇಡುತ್ತದೆ, ಜೊತೆಗೆ ಒಂದು ಹನಿ ದ್ರವವನ್ನೂ ಬಿಡುತ್ತದೆ. ಬೀಜವಾಗಬೇಕಿದ್ದ ಅಂಡಾಶಯ ಆಗ ಬಲೂನಿನಂತೆ ಉಬ್ಬಿ, ಮರಿಹುಳುವಿಗೆ ಮನೆಯೂ ಊಟವೂ ಆಗುತ್ತದೆ. ಈ ಉಬ್ಬಿದ ಅಂಡಾಶಯಕ್ಕೇ ಗಾಲ್ ಎನ್ನುವುದು.

ಒಂದೇ ಕಾಯಿಯಲ್ಲಿ ಹಲವು ಜಾತಿಯ ಕಣಜಗಳ ಗಾಲ್‌ಗಳು ಒತ್ತೊತ್ತಾಗಿ ಕೂತಿರುತ್ತವೆ. ಕೆಲವು ಗಾಲ್‌ಗಳೊಳಗೆ ಅದನ್ನು ಕಟ್ಟಿದ ಕಣಜದ ಮರಿಯನ್ನೇ ತಿಂದು ಬೆಳೆದ ಇನ್ನೊಂದು ಕಣಜ ಇರುತ್ತದೆ. ಬರೀ ಆಕಾರ ನೋಡಿ ‘ಇದು ಇಂಥದ್ದರ ಗಾಲ್’ ಎಂದು ಹೇಳಲು ಹೊರಟರೆ ಎಡವುವುದು ಖಂಡಿತ. ಯಾವ ಕಣಜ ಯಾವ ದಿನ ಕಾಯಿಗೆ ಬಂತು ಎಂಬ ಲೆಕ್ಕ ಕೈಯಲ್ಲಿದ್ದರೆ ಮಾತ್ರ ಗಾಲ್ ಯಾರದೆಂದು ಗೊತ್ತಾಗುತ್ತದೆ. ಆದ್ದರಿಂದ ಇಲ್ಲಿ ಸೂಕ್ಷ್ಮದರ್ಶಕಕ್ಕಿಂತ ಕ್ಯಾಲೆಂಡರಿಗೆ ಹೆಚ್ಚು ಜಾಗ ಕೊಟ್ಟಿದ್ದೇವೆ.

ಮೊದಲು ಗೊಂದಲ ಕಳೆದುಕೊಳ್ಳಿ

ಅತ್ತಿ ಎಲೆಯ ಮೇಲಿನ ಗುಳ್ಳೆಯಂಥ ಗಂಟುಗಳು ಕಣಜದ ಕೆಲಸವಲ್ಲ. ಅವು ಪೌರೋಪ್ಸಿಲ್ಲ ಡಿಪ್ರೆಸ್ಸ ಎಂಬ, ಎಲೆಯ ರಸ ಹೀರುವ ಸಿಲ್ಲಿಡ್ ಕೀಟದವು. ಗಂಟನ್ನು ಸೀಳಿದರೆ ಚಪ್ಪಟೆ ಮೈಯ, ಕಾಲುಗಳು ಸ್ಪಷ್ಟವಾಗಿರುವ ಮರಿ ಕಾಣುತ್ತದೆ. ಕಣಜದ ಮರಿಹುಳುವಿಗೆ ಕಾಲೇ ಇರುವುದಿಲ್ಲ. ಎಲೆಯಲ್ಲಿ ನಿಜಕ್ಕೂ ಗಾಲ್ ಮಾಡುವ ಕಣಜ ಬೇಕೆಂದರೆ ಅತ್ತಿಯದೇ ಬಳಗದ ಫೈಕಸ್ ಮೈಕ್ರೊಕಾರ್ಪ ಮರವನ್ನು ನೋಡಬೇಕು. ಜೋಸೆಫಿಯೆಲ್ಲ ಮೈಕ್ರೊಕಾರ್ಪೆ ಎಂಬ ಆ ಕಣಜ ಹವಾಯಿ, ಕ್ಯಾಲಿಫೋರ್ನಿಯ, ಫ್ಲೋರಿಡಗಳಲ್ಲಿ ಬೀದಿಮರಗಳ ಪೀಡೆಯಾಗಿದೆ.

ಅಂಜೂರದಲ್ಲಿ ಕಣಜ ಹುಡುಕಿ ಪ್ರಯೋಜನವಿಲ್ಲ. ನಮ್ಮಲ್ಲಿ ಬೆಳೆಯುವ ಪೂನಾ ಅಂಜೂರಕ್ಕೆ ಕಾಯಿ ಕಚ್ಚಲು ಪರಾಗ ಬೇಕಿಲ್ಲ, ಹಾಗಾಗಿ ಕಣಜದ ಹಂಗೂ ಇಲ್ಲ. ಆಲ, ಅರಳಿಗಳಲ್ಲಿ ಕಣಜಗಳಿವೆ (ಪ್ರತಿಯೊಂದಕ್ಕೂ ಬೇರೆ ಬೇರೆ ಜಾತಿ), ಆದರೆ ಕಾಯಿ ಸಣ್ಣದು, ಸಿಗುವುದು ಎತ್ತರದ ರೆಂಬೆಯಲ್ಲಿ. ಅತ್ತಿಯ ಕಾಯಿ ದೊಡ್ಡದು, ಕಾಂಡದ ಮೇಲೇ ಗೊಂಚಲಾಗಿ ಬರುತ್ತದೆ, ನಿಂತಲ್ಲೇ ಕೈಗೆ ಸಿಗುತ್ತದೆ. ಹೊಸಬರು ಇದರಿಂದಲೇ ಶುರು ಮಾಡುವುದು ಲೇಸು.

ಮರದ ಆಯ್ಕೆ

ಎರಡು ಮರ ಬೇಕು, ಮೂರಿದ್ದರೆ ಇನ್ನೂ ಒಳ್ಳೆಯದು. ಒಂದು ಮರದಲ್ಲಿ ಆಯಾ ಫಸಲಿನ ಕಾಯಿಗಳು ಬಹುಮಟ್ಟಿಗೆ ಒಟ್ಟಿಗೇ ಬೆಳೆಯುತ್ತವೆ. ಪಕ್ಕದ ಮರ ಮಾತ್ರ ಬೇರೆ ಹಂತದಲ್ಲಿರುತ್ತದೆ. ಒಂದು ಮರದಿಂದ ಹೊರಟ ಕಣಜಕ್ಕೆ ಇನ್ನೊಂದು ಮರದಲ್ಲಿ ಎಳೆಕಾಯಿ ಸಿಗುವುದು ಈ ವ್ಯತ್ಯಾಸದಿಂದಲೇ. ಮುಂದೆ ಹೇಳುವ ಚೀಲದ ಪ್ರಯೋಗಕ್ಕೂ ಇದೇ ಆಧಾರ.

ಹೊಳೆ, ಹಳ್ಳ, ಕೆರೆ ಏರಿಯ ಬದಿಯಲ್ಲಿ ಅತ್ತಿ ಸುಲಭವಾಗಿ ಸಿಗುತ್ತದೆ. ಎದೆಯೆತ್ತರದೊಳಗೆ ಕನಿಷ್ಠ ಹದಿನೈದು ಗೊಂಚಲುಗಳಿದ್ದು, ಕಾಯಿಗಳು ಈಗಷ್ಟೇ ಮೊಗ್ಗಿನಂತೆ ಹೊರಬರುತ್ತಿರುವ ಮರ ಆರಿಸಿ. ಕಾಯಿ ಗೋಲಿ ಗಾತ್ರ ದಾಟಿದ ಮೇಲೆ ಶುರು ಮಾಡಿದರೆ ಮೊದಲು ಬರುವ ಗಾಲ್ ಕಣಜಗಳು ಆಗಲೇ ಬಂದು ಹೋಗಿರುತ್ತವೆ. ಔಷಧಿ ಹೊಡೆಯುವ ತೋಟದ ಪಕ್ಕದ ಮರ ಬೇಡ. ದತ್ತಾತ್ರೇಯ ಕ್ಷೇತ್ರಗಳಲ್ಲಿ ಔದುಂಬರ ಪೂಜೆಯ ಮರ. ಅಂಥಲ್ಲಿ ಕೇಳದೆ ಕಾಯಿ ಕೀಳಬೇಡಿ. ಅರಣ್ಯ ಪ್ರದೇಶವಾದರೆ ಇಲಾಖೆಯ ಅನುಮತಿ ಪಡೆಯಿರಿ.

ಬೇಕಾದ ಸಾಮಾನು

ಹತ್ತು ಪಟ್ಟು ಹಿಗ್ಗಿಸುವ ಹ್ಯಾಂಡ್ ಲೆನ್ಸ್ ಮರದ ಬುಡದ ಕೆಲಸಕ್ಕೆ ಸಾಕು. ಜಾತಿ ಗುರುತಿಸಲು ಹತ್ತರಿಂದ ನಲವತ್ತು ಪಟ್ಟಿನ ಸ್ಟೀರಿಯೋ ಮೈಕ್ರೋಸ್ಕೋಪ್ ಬೇಕು. ಹತ್ತಿರದ ಕಾಲೇಜಿನ ಪ್ರಾಣಿಶಾಸ್ತ್ರ ವಿಭಾಗದಲ್ಲಿ ಕೇಳಿ ನೋಡಿ. ಉಳಿದದ್ದು ಅಗ್ಗ: ಹೊಸ ಬ್ಲೇಡುಗಳು, ಮೊನೆ ಚೂಪಾದ ಎರಡು ಚಿಮುಟ, ಸೊನ್ನೆ ನಂಬರಿನ ಪೇಂಟ್ ಬ್ರಷ್, ವರ್ನಿಯರ್ ಕ್ಯಾಲಿಪರ್, ಒಂದು ಬಿಳಿ ಟೈಲ್ಸ್ ತುಂಡು, ಟಿಶ್ಯೂ ಕಾಗದ, 100ರಿಂದ 200 ಮಿಲಿಯ ಮೂವತ್ತು ಪ್ಲಾಸ್ಟಿಕ್ ಡಬ್ಬಿ, 0.2 ಮಿಲಿಯ ಮುಚ್ಚಳದ ಪುಟ್ಟ ಟ್ಯೂಬುಗಳು, ಇಥನಾಲ್, ಪೆನ್ಸಿಲ್. ಬಾಲ್ ಪೆನ್ನು ಮನೆಯಲ್ಲೇ ಇರಲಿ, ಅದರ ಶಾಯಿ ಆಲ್ಕೋಹಾಲಿನಲ್ಲಿ ಕರಗಿ ಚೀಟಿ ಬರಿದಾಗುತ್ತದೆ.

ಗೊಂಚಲಿಗೆ ಕಟ್ಟುವ ಚೀಲದ ಬಟ್ಟೆಯ ವಿಷಯದಲ್ಲಿ ಮಾತ್ರ ಜಿಪುಣತನ ಬೇಡ. ಸೊಳ್ಳೆಪರದೆಯ ಕಣ್ಣಿನಲ್ಲಿ ಈ ಕಣಜಗಳು ನಿರಾಯಾಸವಾಗಿ ನುಸುಳುತ್ತವೆ. 0.2 ಮಿ.ಮೀ. ಅಥವಾ ಅದಕ್ಕಿಂತ ಸಣ್ಣ ಕಣ್ಣಿನ ನೈಲಾನ್ ಬಲೆ ಬೇಕು. ಹೊಲಿದ ಮೇಲೆ ಒಂದು ಚೀಲದೊಳಗೆ ಇಪ್ಪತ್ತು ಜೀವಂತ ಕಣಜ ಬಿಟ್ಟು, ಚೀಲವನ್ನು ದೊಡ್ಡ ಗಾಜಿನ ಜಾಡಿಯಲ್ಲಿಟ್ಟು ರಾತ್ರಿ ಕಳೆಯಿರಿ. ಬೆಳಿಗ್ಗೆ ಜಾಡಿಯಲ್ಲಿ ಒಂದು ಕಣಜ ಸಿಕ್ಕಿದರೂ ಹೊಲಿಗೆಯಲ್ಲಿ ತೂತಿದೆ ಎಂದರ್ಥ.

ಕಾಯಿಯ ಐದು ಹಂತ

ಇಸ್ರೇಲಿನ ಗಲಿಲ್ ಮತ್ತು ಐಸಿಕೋವಿಚ್ 1968ರಲ್ಲಿ ಅತ್ತಿಯ ಸೋದರಸಂಬಂಧಿಯಾದ ಸೈಕಮೋರ್ ಮರದ ಕಾಯಿಯ ಬೆಳವಣಿಗೆಯನ್ನು ಎ, ಬಿ, ಸಿ, ಡಿ, ಇ ಎಂದು ಐದು ಹಂತವಾಗಿ ವಿಂಗಡಿಸಿದರು. ಅದೇ ವಿಂಗಡಣೆ ಇಂದಿಗೂ ನಡೆಯುತ್ತಿದೆ. ಅತ್ತಿಯಲ್ಲಿ ಮೊಗ್ಗಿನಿಂದ ಕಣಜ ಹೊರಬೀಳುವವರೆಗೆ ಹೆಚ್ಚುಕಡಿಮೆ ಆರರಿಂದ ಎಂಟು ವಾರ. ಬಿಸಿಲುಗಾಲದಲ್ಲಿ ಬೇಗ, ಚಳಿಯಲ್ಲಿ ನಿಧಾನ.

ಎ ಹಂತದಲ್ಲಿ ಕಾಯಿ ಸಣ್ಣದು, ಗಟ್ಟಿ, ತುದಿಯ ಕಣ್ಣು (ಪದರಗಳಿರುವ ಸಣ್ಣ ಬಾಯಿ) ಬಿಗಿಯಾಗಿ ಮುಚ್ಚಿರುತ್ತದೆ. ಒಳಗೆ ಹೂಗಳು ಎಳೆಯವು. ಕಾಯಿಗೋಡೆ ತೆಳ್ಳಗಿರುವುದರಿಂದ ಹೊರಗಿನಿಂದಲೇ ಸೂಜಿ (ಮೊಟ್ಟೆಯಿಡುವ ಸೂಜಿಯಂಥ ಅಂಗ) ಚುಚ್ಚುವ ಗಾಲ್ ಕಣಜಗಳು ಮೊದಲು ಬರುವುದು ಈಗ.

ಬಿ ಹಂತದಲ್ಲಿ ಹೆಣ್ಣು ಹೂಗಳು ಸಿದ್ಧ. ಕತ್ತರಿಸಿದರೆ ಶಲಾಕಾಗ್ರಗಳು (ಹೆಣ್ಣು ಹೂವಿನ ಪರಾಗ ಹಿಡಿಯುವ ತುದಿಗಳು) ಬೆಳ್ಳಗೆ, ತಾಜಾ ಆಗಿ ಒಂದಕ್ಕೊಂದು ಒತ್ತಿಕೊಂಡು ಕಾಣುತ್ತವೆ. ಕಣ್ಣಿನ ಪದರಗಳು ಸ್ವಲ್ಪ ಸಡಿಲವಾಗುತ್ತವೆ. ಕಾಯಿಯ ವಾಸನೆ ಹಿಡಿದು ಪರಾಗ ತರುವ ಕಣಜ ಬರುತ್ತದೆ. ಅದು ಆ ಕಣ್ಣಿನಲ್ಲಿ ನುಸುಳುವಾಗ ರೆಕ್ಕೆ ಮುರಿಯುತ್ತದೆ, ಮೀಸೆಯ ತುದಿಯೂ ಉದುರುತ್ತದೆ. ಕಣ್ಣಿನ ಮೇಲೆ ಅಂಟಿದ ಪಾರದರ್ಶಕ ರೆಕ್ಕೆ ಕಂಡರೆ ಕಾಯಿ ಬಿ ಹಂತದಲ್ಲಿದೆ ಅಥವಾ ಅದನ್ನು ಈಗಷ್ಟೇ ದಾಟಿದೆ. ಇದಕ್ಕಿಂತ ಖಚಿತ ಗುರುತಿಲ್ಲ.

ಸಿ ಹಂತ ದೀರ್ಘ, ಹಲವು ವಾರ ನಡೆಯುತ್ತದೆ. ಗಾಲ್ ಬೆಳೆಯುತ್ತದೆ, ಬೀಜ ಬಲಿಯುತ್ತದೆ, ಮರಿಹುಳುಗಳನ್ನು ತಿನ್ನುವ ಪರಾವಲಂಬಿ ಕಣಜಗಳು ಉದ್ದದ ಸೂಜಿಯೊಂದಿಗೆ ಹೊರಗೆ ಸುತ್ತುತ್ತವೆ.

ಡಿ ಹಂತ ಒಂದೆರಡು ದಿನದ್ದು. ರೆಕ್ಕೆಯಿಲ್ಲದ ಗಂಡುಗಳು ಮೊದಲು ಹೊರಬಂದು, ಹೆಣ್ಣುಗಳಿನ್ನೂ ಗಾಲ್‌ನೊಳಗಿರುವಾಗಲೇ ಗಾಲ್ ಕೊರೆದು ಕೂಡುತ್ತವೆ. ಆಮೇಲೆ ಕಾಯಿಗೋಡೆಯನ್ನು ಕೊರೆದು ದಾರಿ ಮಾಡುತ್ತವೆ. ಗಂಡು ಹೂಗಳು ಪರಾಗ ಬಿಡುತ್ತವೆ, ಹೆಣ್ಣು ಕಣಜಗಳು ಅದನ್ನು ತುಂಬಿಕೊಂಡು ಆ ದಾರಿಯಲ್ಲಿ ಹಾರುತ್ತವೆ. ಇ ಹಂತವೆಂದರೆ ಹಣ್ಣು: ಬಾವಲಿ, ಮಂಗ, ಹಕ್ಕಿಗಳ ಪಾಲು. ಬಾವಲಿ ಕಚ್ಚಿದ ಹಣ್ಣನ್ನು ಬರಿಗೈಯಲ್ಲಿ ಮುಟ್ಟಬೇಡಿ. ಅದರಲ್ಲಿ ಕಣಜವೂ ಉಳಿದಿರುವುದಿಲ್ಲ.

ನಿಮ್ಮ ಮರಕ್ಕೆ ನಿಮ್ಮದೇ ಪಟ್ಟಿ ಮಾಡಿಕೊಳ್ಳಬೇಕು, ಏಕೆಂದರೆ ಕಾಯಿಯ ಗಾತ್ರ ಮರದಿಂದ ಮರಕ್ಕೆ ಬೇರೆ. ವಾರಕ್ಕೆ ಎರಡು ಬಾರಿ, ಬೇರೆ ಬೇರೆ ಗೊಂಚಲಿನಿಂದ ಐದು ಕಾಯಿ ಕಿತ್ತು ಅಗಲ ಅಳೆದು, ಕತ್ತರಿಸಿ, ಹಂತ ಬರೆಯಿರಿ. ಎ ಹಂತದ ಕೊನೆಯಿಂದ ಬಿ ಮುಗಿಯುವವರೆಗೆ ಮಾತ್ರ ದಿನವೂ ನೋಡಿ. ಮೂರು ದಿನ ತಪ್ಪಿದರೆ ಬಿ ಪೂರ್ತಿ ಕೈತಪ್ಪಬಹುದು.

ಕಾಯಿ ಬಿಚ್ಚುವ ಕ್ರಮ

ಅತ್ತಿಯ ಹಾಲು ಇಲ್ಲಿನ ದೊಡ್ಡ ಶತ್ರು. ಅದು ಬ್ಲೇಡಿಗೆ ಅಂಟುತ್ತದೆ, ಲೆನ್ಸಿಗೆ ಅಂಟುತ್ತದೆ, ಕಣಜದ ಮೇಲೆ ಬಿದ್ದರೆ ಕಥೆ ಮುಗಿಯಿತು. ಹಲಸು ಬಿಡಿಸುವಾಗ ಮಾಡುವಂತೆ ಬೆರಳಿಗೆ, ಬ್ಲೇಡಿಗೆ ತೆಳ್ಳಗೆ ಕೊಬ್ಬರಿ ಎಣ್ಣೆ ಸವರಿಕೊಳ್ಳಿ. ಆದರೆ ಎಣ್ಣೆಗೈಯಲ್ಲಿ ಕಣಜ ಮುಟ್ಟಬಾರದು, ಅದಕ್ಕೆ ಬ್ರಷ್ ಇದೆ.

ಕಿತ್ತ ಕಾಯಿಯನ್ನು ತೊಟ್ಟು ಕೆಳಗಾಗಿ ಟಿಶ್ಯೂ ಮೇಲೆ ಐದು ನಿಮಿಷ ನಿಲ್ಲಿಸಿ, ಹಾಲು ಇಳಿಯಲಿ. ಆಮೇಲೆ ತೊಟ್ಟಿನಿಂದ ಕಣ್ಣಿನವರೆಗೆ ಸಿಪ್ಪೆಯನ್ನಷ್ಟೇ ಸುತ್ತಲೂ ಗೀರಿ. ಬ್ಲೇಡು ಒಳಗಿಳಿಯಬಾರದು. ಎರಡೂ ಕೈಯಲ್ಲಿ ಹಿಡಿದು ತಿರುಚಿದರೆ ಕಾಯಿ ಎರಡು ಹೋಳಾಗುತ್ತದೆ, ಗಾಲ್‌ಗಳು ಕತ್ತರಿಸಿಹೋಗುವುದಿಲ್ಲ. ಅಡ್ಡಲಾಗಿ ಕತ್ತರಿಸಬೇಡಿ. ಹಾಗೆ ಮಾಡಿದರೆ ಕಣ್ಣಿನ ಹತ್ತಿರದ ಭಾಗ ಹಾಳಾಗುತ್ತದೆ. ಗಂಡು ಹೂಗಳು ಹೆಚ್ಚಾಗಿರುವುದು ಅಲ್ಲೇ.

ಹೋಳನ್ನು ಲೆನ್ಸಿನಲ್ಲಿ ನೋಡಿದಾಗ ಹೂಗಳು ಎರಡು ಮೂರು ಅಂತಸ್ತಿನಲ್ಲಿ ಕೂತಂತೆ ಕಾಣುತ್ತದೆ. ಕೆಲವು ಹೂಗಳಿಗೆ ತೊಟ್ಟಿಲ್ಲ, ಅಂಡಾಶಯ ಗೋಡೆಗೇ ಅಂಟಿದೆ, ಶಲಾಕೆ (ಅಂಡಾಶಯದಿಂದ ಶಲಾಕಾಗ್ರದವರೆಗಿನ ನಳಿಕೆ) ಉದ್ದ. ಇನ್ನು ಕೆಲವಕ್ಕೆ ತೊಟ್ಟು ಉದ್ದ, ಅಂಡಾಶಯ ಕಾಯಿಯ ನಡುವಿನ ಖಾಲಿ ಜಾಗದ ಕಡೆಗಿದೆ, ಶಲಾಕೆ ಗಿಡ್ಡ. ಶಲಾಕಾಗ್ರಗಳು ಮಾತ್ರ ಎಲ್ಲವೂ ಒಂದೇ ಮಟ್ಟದಲ್ಲಿ. ಪರಾಗ ತರುವ ಕಣಜ ಒಳಗೆ ನಿಂತು ಶಲಾಕೆಯ ಮೂಲಕ ಸೂಜಿ ಇಳಿಸುವುದರಿಂದ ಅದರ ಗಾಲ್‌ಗಳು ಹೆಚ್ಚಾಗಿ ಗಿಡ್ಡ ಶಲಾಕೆಯ, ಅಂದರೆ ಒಳ ಅಂತಸ್ತಿನ ಹೂಗಳಲ್ಲಿ. ಗೋಡೆ ಪಕ್ಕದ ಹೂಗಳಲ್ಲಿ ಹೆಚ್ಚಿನವು ಬೀಜವಾಗುತ್ತವೆ. ಇನ್ನೊಂದು ಲಾಭವೂ ಉಂಟು: ಹೊರಗಿನಿಂದ ಚುಚ್ಚುವ ಪರಾವಲಂಬಿಯ ಸೂಜಿಗೆ ಒಳ ಅಂತಸ್ತು ದೂರ.

ಸಿ ಹಂತದಲ್ಲಿ ಬೀಜ, ಗಾಲ್, ಪೊಳ್ಳು ಮೂರನ್ನೂ ಬೇರ್ಪಡಿಸಲು ಚಿಮುಟದ ತುದಿಯಿಂದ ಮೆಲ್ಲಗೆ ಒತ್ತಿ. ಬೀಜ ಗಟ್ಟಿ, ಹಳದಿ ಬಿಳುಪು, ಒತ್ತಿದರೆ ಜಾರುತ್ತದೆ. ಗಾಲ್ ಬೀಜಕ್ಕಿಂತ ದೊಡ್ಡದು, ಒತ್ತಿದರೆ ತಗ್ಗಿ ಒಡೆದು ಬಿಳಿ ಮರಿಹುಳು ಬರುತ್ತದೆ. ಪೊಳ್ಳು ಎಂದರೆ ಉಬ್ಬಿದ್ದರೂ ಒಳಗೆ ಏನೂ ಇಲ್ಲದ್ದು, ಮೊಟ್ಟೆ ಅಥವಾ ಮರಿ ಸತ್ತದ್ದು. ಪೊಳ್ಳನ್ನು ಬೇರೆ ಕಾಲಂನಲ್ಲಿ ಬರೆಯಿರಿ. ಹೊಸಬರು ಇದನ್ನು ಬಿಟ್ಟುಬಿಡುತ್ತಾರೆ. ಆಮೇಲೆ ‘ಇಷ್ಟು ಹೂವಲ್ಲಿ ಇಷ್ಟೇ ಕಣಜ ಏಕೆ’ ಎಂದು ತಲೆ ಕೆರೆದುಕೊಳ್ಳುತ್ತಾರೆ.

ಯಾರು ಯಾವಾಗ ಬರುತ್ತಾರೆ

ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಪರಿಸರ ವಿಜ್ಞಾನ ಕೇಂದ್ರದಲ್ಲಿ ರೆನೀ ಬೋರ್ಜಸ್ ಅವರ ತಂಡ ಅತ್ತಿಯ ಕಣಜ ಸಮುದಾಯವನ್ನು ವರ್ಷಗಟ್ಟಲೆ ಅಭ್ಯಾಸ ಮಾಡಿದೆ. ಅಲ್ಲಿ ಕಂಡುಕೊಂಡ ಸರದಿ ನಿಮ್ಮ ಮರದಲ್ಲೂ ಸ್ಥೂಲವಾಗಿ ಕಾಣಬೇಕು.

ಎ ಹಂತದಲ್ಲಿ ಸೈಕೋಫಾಗ ಕುಲದ ಸ್ಟ್ರಾಥೇನಿ ಮತ್ತು ಟೆಸ್ಟೇಸಿಯ ಜಾತಿಗಳು ಬರುತ್ತವೆ. ಹಳೆಯ ಲೇಖನಗಳಲ್ಲಿ ಈ ಕುಲವನ್ನು ಅಪೋಕ್ರಿಪ್ಟೋಫಾಗಸ್ ಎಂದು ಬರೆದಿರುತ್ತಾರೆ, ಎರಡೂ ಒಂದೇ. ಇವು ಪರಾಗ ತರುವುದಿಲ್ಲ, ಒಳಗೆ ಹೋಗುವುದೂ ಇಲ್ಲ. ಹೊರಗೆ ನಿಂತು ಗೋಡೆ ಚುಚ್ಚಿ ಗಾಲ್ ಮಾಡುತ್ತವೆ. ಬಿ ಹಂತದಲ್ಲಿ ಸೆರಾಟೊಸೋಲೆನ್ ಫ್ಯೂಸಿಸೆಪ್ಸ್ ಬರುತ್ತದೆ. ಪರಾಗ ತರುವುದೂ ಅದೇ, ಅತ್ತಿಗೆ ಅದೊಂದೇ ಗತಿ. ಸುಮಾರು ಅದೇ ಹೊತ್ತಿಗೆ ಸೈಕೋಫಾಗ ಫಸ್ಕ ಹೊರಗಿನಿಂದ ಗಾಲ್ ಮಾಡುತ್ತದೆ. ಆಮೇಲಿನ ಸರದಿ ಪರಾವಲಂಬಿಗಳದ್ದು: ಸೈಕೋಫಾಗ ಅಗ್ರಾಯೆನ್ಸಿಸ್ ಮತ್ತು ಅಪೋಕ್ರಿಪ್ಟ ಕುಲದವು. ಸೈಕೋಫಾಗ ಎಂದ ಮಾತ್ರಕ್ಕೆ ಗಾಲ್ ಮಾಡುವುದೆಂದು ತಿಳಿಯಬಾರದು ಎಂಬುದಕ್ಕೆ ಅಗ್ರಾಯೆನ್ಸಿಸ್ ಸಾಕ್ಷಿ.

ನೋಡುವ ವಿಧಾನ ಸರಳ. ಹತ್ತು ಕಾಯಿಯ ಒಂದು ಗೊಂಚಲಿಗೆ ನೂಲು ಕಟ್ಟಿ ಗುರುತು ಹಾಕಿ. ಬೆಳಿಗ್ಗೆ, ಮಧ್ಯಾಹ್ನ, ಸಂಜೆ ಹತ್ತು ಹತ್ತು ನಿಮಿಷ ಅದರ ಮುಂದೆ ಕೂತು, ಕಾಯಿ ಮೇಲೆ ಕೂತ ಪ್ರತಿ ಕಣಜ ಸುಮ್ಮನೆ ನಡೆಯುತ್ತಿದೆಯೋ, ಸೂಜಿ ಚುಚ್ಚಿದೆಯೋ, ಕಣ್ಣಿನಲ್ಲಿ ತಲೆ ತೂರಿಸುತ್ತಿದೆಯೋ ಬರೆಯಿರಿ. ಸೂಜಿ ಚುಚ್ಚಿದ ಕಣಜ ಸುಲಭಕ್ಕೆ ಏಳುವುದಿಲ್ಲ, ಹಾಗಾಗಿ ಬ್ರಷ್‌ನಿಂದ ತೆಗೆದು ನಮೂನೆಗೆ ಇಟ್ಟುಕೊಳ್ಳಬಹುದು. ನಿಮ್ಮ ಕ್ಯಾಲೆಂಡರಿನ ಅತಿ ಬೆಲೆಯುಳ್ಳ ನಮೂನೆ ಇದು: ಯಾವ ದಿನ, ಯಾವ ಹಂತದಲ್ಲಿ, ಏನು ಮಾಡುತ್ತಿತ್ತು ಎಂಬ ಮೂರೂ ಗೊತ್ತಿರುವ ಕಣಜ.

ಚಗಳಿ ಇರುವೆ ಗೂಡು ಕಟ್ಟಿದ ಮರದಲ್ಲಿ ಲೆಕ್ಕ ಬೇರೆಯೇ ಆಗುತ್ತದೆ. ಕಾಯಿಯ ಮೇಲೆ ಗಂಟೆಗಟ್ಟಲೆ ಕೂತು ಚುಚ್ಚುವ ಕಣಜಗಳನ್ನು ಅವು ಹಿಡಿದು ಒಯ್ಯುತ್ತವೆ, ಕಣ್ಣಿನಲ್ಲಿ ನುಸುಳಿ ಮರೆಯಾಗುವ ಪರಾಗದ ಕಣಜ ಹೆಚ್ಚು ಪಾರಾಗುತ್ತದೆ. ಇರುವೆ ಇತ್ತೋ ಇಲ್ಲವೋ ಎಂಬುದನ್ನು ತಪ್ಪದೆ ದಾಖಲಿಸಿ.

ಚೀಲ ಕಟ್ಟಿ ಗಾಲ್‌ನ ಒಡೆಯನನ್ನು ಹುಡುಕುವುದು

ಇಡೀ ಅಭ್ಯಾಸದ ಜೀವಾಳ ಇದು. ಕಾಯಿ ಮೊಗ್ಗಾಗಿರುವಾಗಲೇ ಹನ್ನೆರಡು ಗೊಂಚಲಿಗೆ ಚೀಲ ಕಟ್ಟಿ. ಮೊದಲು ಎರಡು ತಂತಿ ಬಳೆ ಹಾಕಿ ಚೀಲ ಉಬ್ಬಿ ನಿಲ್ಲುವಂತೆ ಮಾಡಬೇಕು. ಬಟ್ಟೆ ಕಾಯಿಗೆ ತಾಗಿದರೆ ಪರಾವಲಂಬಿ ಕಣಜ ಬಟ್ಟೆಯ ಮೇಲೆ ನಿಂತೇ ಸೂಜಿ ಇಳಿಸಿಬಿಡುತ್ತದೆ. ನಿಮ್ಮ ಚೀಲದೊಳಗೆ ಬರಬಾರದ ಕಣಜ ಹೇಗೆ ಬಂತು ಎಂಬ ಒಗಟಿಗೆ ಹತ್ತರಲ್ಲಿ ಒಂಬತ್ತು ಸಲ ಉತ್ತರ ಇಷ್ಟೇ. ಕಾಂಡದ ಕಡೆ ಬಾಯಿ ಕಟ್ಟುವಾಗ ತೊಗಟೆಯ ಒರಟಿನಲ್ಲಿ ಸಂದು ಉಳಿಯುತ್ತದೆ. ಅಲ್ಲಿ ಹತ್ತಿ ತುರುಕಿ ಮೇಲೆ ದಾರ ಬಿಗಿಯಿರಿ.

ಹನ್ನೆರಡನ್ನು ನಾಲ್ಕು ಗುಂಪು ಮಾಡಿ, ಗುಂಪಿಗೆ ಮೂರು ಗೊಂಚಲು:

1. ಎಂದೂ ತೆರೆಯದವು.
2. ಎ ಹಂತದಲ್ಲಿ ಮಾತ್ರ ತೆರೆದು, ಬಿ ಬರುವ ಮೊದಲು ಮುಚ್ಚುವವು. ಬಿ ಹಂತದಲ್ಲಿ ಚೀಲದೊಳಗೆ ಕೈಯಿಂದ ಪರಾಗದ ಕಣಜ ಬಿಡಬೇಕು.
3. ಎ ಹಂತ ಪೂರ್ತಿ ಮುಚ್ಚಿದ್ದು, ಬಿ ಹಂತದಲ್ಲಿ ಪರಾಗದ ಕಣಜವನ್ನಷ್ಟೇ ಕೈಯಿಂದ ಬಿಟ್ಟು ಕೊನೆವರೆಗೂ ಮುಚ್ಚಿಡುವವು.
4. ಮೂರನೆಯದರಂತೆಯೇ ಮಾಡಿ, ಸಿ ಹಂತದಲ್ಲಿ ಚೀಲ ಬಿಚ್ಚಿಡುವವು.

ಇವುಗಳ ಜೊತೆಗೆ ಚೀಲವೇ ಇಲ್ಲದ ಮೂರು ಗೊಂಚಲು ಹೋಲಿಕೆಗೆ ಇರಲಿ.

ಒಂದನೆಯ ಗುಂಪಿನ ಕಾಯಿಗಳು ಉದುರುತ್ತವೆ. ಗಾಬರಿ ಬೇಡ, ಪರಾಗವೂ ಕಣಜವೂ ತಲುಪದ ಕಾಯಿಯನ್ನು ಮರ ಕಳಚುತ್ತದೆ. ಚೀಲ ಭದ್ರವಾಗಿತ್ತು ಎಂಬುದಕ್ಕೆ ಅದೇ ರುಜುವಾತು. ಅವು ಉದುರದೆ ಬೆಳೆದರೆ ಮಾತ್ರ ಚಿಂತೆ ಮಾಡಬೇಕು. ಮೂರನೆಯ ಗುಂಪಿನಲ್ಲಿ ಸಿಗುವ ಎಲ್ಲ ಗಾಲ್ ಸೆರಾಟೊಸೋಲೆನ್‌ನದು. ಅದರ ಗಾತ್ರ, ಬಣ್ಣ, ಯಾವ ಅಂತಸ್ತಿನಲ್ಲಿದೆ ಎಂಬುದು ನಿಮಗೆ ಅಳತೆಗೋಲು. ಎರಡನೆಯದರಲ್ಲಿ ಹೊಸದಾಗಿ ಕಾಣುವ ದೊಡ್ಡ ಗಾಲ್‌ಗಳು ಮೊದಲು ಬಂದ ಸೈಕೋಫಾಗಗಳವು. ಎ ಹಂತ ಮುಗಿಯುವ ಮೊದಲೇ ಅವಕ್ಕೆ ಮೊಟ್ಟೆಯಿಡುವ ಪರಾವಲಂಬಿಯೂ ಬರಬಹುದು, ಅದನ್ನು ನೋಟದ ಪಟ್ಟಿಯೊಂದಿಗೆ ತಾಳೆ ನೋಡಿ. ನಾಲ್ಕನೆಯದರಿಂದ ಮೂರನೆಯದನ್ನು ಕಳೆದರೆ ಉಳಿಯುವ ಕಣಜಗಳು ಪರಾಗದ ಕಣಜದ ಗಾಲ್‌ಗಳನ್ನೇ ಆಶ್ರಯಿಸಿದವು.

ಕೈಯಿಂದ ಬಿಡಲು ಪರಾಗದ ಕಣಜ ಎಲ್ಲಿಂದ? ಅದಕ್ಕೇ ಎರಡನೆಯ ಮರ. ಅದು ಡಿ ಹಂತದಲ್ಲಿರುವಾಗ ಕಾಯಿ ತಂದು ಡಬ್ಬಿಯಲ್ಲಿಟ್ಟು, ತಾವಾಗಿ ಹೊರಬಂದ ಹೆಣ್ಣುಗಳನ್ನಷ್ಟೇ ಬಳಸಿ. ಗಾಲ್ ಒಡೆದು ನೀವೇ ಎಳೆದು ತೆಗೆದ ಹೆಣ್ಣಿನ ಎದೆಯ ಜೇಬಿನಲ್ಲಿ ಪರಾಗ ಇರುವುದಿಲ್ಲ. ಈ ಕಣಜಕ್ಕೆ ಎದೆಯಡಿ ನಿಜಕ್ಕೂ ಪರಾಗ ತುಂಬುವ ಎರಡು ಜೇಬಿವೆ, ತಾನೇ ಕಾಲಿನಿಂದ ತುಂಬಿಕೊಳ್ಳುತ್ತದೆ. ಹೊರಬಿದ್ದ ಮೇಲೆ ಅದರ ಆಯುಸ್ಸು ಸುಮಾರು ಒಂದು ದಿನ, ಬಿಸಿಲಲ್ಲಿ ಇನ್ನೂ ಕಡಿಮೆ. ಬೆಳಿಗ್ಗೆ ಸಿಕ್ಕಿದ್ದನ್ನು ಮಧ್ಯಾಹ್ನದೊಳಗೆ ಬಿಟ್ಟುಬಿಡಿ. ಬ್ರಷ್ ತುದಿಯಲ್ಲಿ ಎತ್ತಿ ಕಣ್ಣಿನ ಮೇಲಿಟ್ಟು, ತಲೆ ಒಳಗೆ ಹೋಗುವವರೆಗೂ ನೋಡಿ. ಕಾಯಿಗೆ ಎರಡು ಮೂರು ಸಾಕು. ಕಣ್ಣಿನ ಸುತ್ತ ಓಡಾಡಿ ಹಾರಿಹೋದರೆ ಕಾಯಿ ಇನ್ನೂ ಬಿ ಹಂತಕ್ಕೆ ಬಂದಿಲ್ಲ, ಮರುದಿನ ಪ್ರಯತ್ನಿಸಿ.

ಕೊಯ್ಯುವ ದಿನ

ಬೇಗ ಕಿತ್ತರೆ ಗಾಲ್ ಬಾಡಿ ಕಣಜ ಒಳಗೇ ಸಾಯುತ್ತದೆ. ತಡವಾದರೆ ಬರೀ ತೂತು ಬಿದ್ದ ಕಾಯಿ ಸಿಗುತ್ತದೆ. ಸಿ ಹಂತದ ಕೊನೆಯಲ್ಲಿ ದಿನಕ್ಕೊಂದು ಪರೀಕ್ಷಾ ಕಾಯಿ ಬಿಚ್ಚಿ. ಗಾಲ್‌ನ ಗೋಡೆಯಲ್ಲಿ ಕಪ್ಪು ಮೈ ಮಸುಕಾಗಿ ಕಂಡರೆ ಇನ್ನು ಕೆಲವೇ ದಿನ. ಕಾಯಿಯ ನಡುವೆ ಹಳದಿ ಕಂದು ಬಣ್ಣದ, ರೆಕ್ಕೆಯಿಲ್ಲದ, ತೆವಳುವ ಗಂಡುಗಳು ಕಂಡರೆ ಅದೇ ದಿನ ಕೊಯ್ಯಿರಿ. ಹೊರಗಿನ ಗುರುತು: ಕಾಯಿ ಒಂದೆರಡು ದಿನದಲ್ಲಿ ಏಕಾಏಕಿ ಊದಿ, ಹಸಿರು ತಿಳಿಯಾಗಿ, ಹೆಬ್ಬೆರಳಿಗೆ ಸ್ವಲ್ಪ ಮೆತ್ತಗಾಗುತ್ತದೆ. ಗೊಂಚಲಿನ ಕಾಯಿಗಳು ಒಂದೆರಡು ದಿನ ಹಿಂದುಮುಂದಾಗುವುದರಿಂದ ಒಂದೇ ದಿನ ಎಲ್ಲವನ್ನೂ ಕೀಳಬೇಡಿ.

ಡಬ್ಬಿಯಲ್ಲಿ ಸಾಕುವುದು

ಒಂದು ಡಬ್ಬಿಗೆ ಒಂದೇ ಕಾಯಿ. ಎರಡಿಟ್ಟರೆ ಯಾವ ಕಣಜ ಯಾವ ಕಾಯಿಯದೆಂದು ತಿಳಿಯದೆ ಇಡೀ ದಾಖಲೆ ಕೆಡುತ್ತದೆ. ತಳಕ್ಕೆ ಎರಡು ಪದರ ಟಿಶ್ಯೂ ಹಾಸಿ, ತೊಟ್ಟಿನ ಹಾಲು ನಿಂತ ಮೇಲೆ ಕಾಯಿ ಇಟ್ಟು, ಬಾಯಿಗೆ ಸಣ್ಣ ಕಣ್ಣಿನ ಬಟ್ಟೆ ಕಟ್ಟಿ ರಬ್ಬರ್ ಬ್ಯಾಂಡ್ ಹಾಕಿ. ಗಟ್ಟಿ ಮುಚ್ಚಳ ಹಾಕಿದರೆ ಕಾಯಿಯ ತೇವ ಹನಿಗಟ್ಟಿ ಕಣಜಗಳು ಆ ಹನಿಯಲ್ಲೇ ಮುಳುಗಿ ಸಾಯುತ್ತವೆ. ನಷ್ಟದ ಮೊದಲ ಕಾರಣ ಯಾವಾಗಲೂ ಇದೇ. ಬಿಸಿಲು ಬೀಳದ, ಆದರೆ ಒಂದು ಕಡೆಯಿಂದ ಬೆಳಕು ಬರುವ ಜಾಗದಲ್ಲಿಡಿ. ಹೊರಬಂದ ಹೆಣ್ಣುಗಳು ಬೆಳಕಿನ ಕಡೆಯ ಗೋಡೆಗೆ ಬಂದು ಸೇರುವುದರಿಂದ ಎತ್ತುವುದು ಸುಲಭ.

ಕಾಯಿಯನ್ನು ಕತ್ತರಿಸದೆ ಬಿಡುವುದಕ್ಕೆ ಕಾರಣವಿದೆ. ಮುಚ್ಚಿದ ಕಾಯಿಯೊಳಗೆ ಇಂಗಾಲದ ಡೈ ಆಕ್ಸೈಡ್ ಸಾಂದ್ರವಾಗಿರುತ್ತದೆ. ಅರಳಿಯ ಕಾಯಿಯಲ್ಲಿ ಗಲಿಲ್ ಮತ್ತು ಸಂಗಡಿಗರು 1973ರಲ್ಲಿ ತೋರಿಸಿದಂತೆ, ಅಂಥ ಗಾಳಿಯಲ್ಲಿ ಗಂಡುಗಳು ಚುರುಕಾಗಿರುತ್ತವೆ, ಹೆಣ್ಣುಗಳು ಮಂಕಾಗಿರುತ್ತವೆ. ಗಂಡುಗಳು ಗೋಡೆ ಕೊರೆದು ಹೊರಗಾಳಿ ಬಂದ ಮೇಲೆ ಹೆಣ್ಣುಗಳು ಎಚ್ಚರಗೊಳ್ಳುತ್ತವೆ. ನೀವು ಮೊದಲೇ ಕತ್ತರಿಸಿದರೆ ಈ ಸರದಿ ತಲೆಕೆಳಗಾಗಿ, ಕೂಡದ ಹೆಣ್ಣುಗಳು ಗಾಲ್‌ನಲ್ಲೇ ಸಿಕ್ಕಿಬೀಳಬಹುದು. ಎರಡು ದಿನ ಕಾದರೂ ತೂತು ಬೀಳದಿದ್ದರೆ ಮಾತ್ರ ಬಿಚ್ಚಿ.

ಮೊದಲ 48 ಗಂಟೆಯಲ್ಲಿ ಆರಾರು ಗಂಟೆಗೊಮ್ಮೆ ಕಣಜ ಎತ್ತಿ ಆಲ್ಕೋಹಾಲಿಗೆ ಹಾಕಿ. ಮೂರನೆಯ ದಿನ ಕಾಯಿಗೆ ಬೂಸ್ಟು ಹಿಡಿಯುತ್ತದೆ, ಹಣ್ಣುನೊಣಗಳೂ ಬರುತ್ತವೆ. ಒಳಗೆ ಉಳಿದವನ್ನು ಆಗ ಬಿಚ್ಚಿ ಎಣಿಸಿ. ಕಣ್ಣಿನ ಬಳಿ ರೆಕ್ಕೆಯಿಲ್ಲದೆ ಒಣಗಿ ಸತ್ತಿರುವ ಕಪ್ಪು ಹೆಣ್ಣುಗಳು ಹೊಸವಲ್ಲ, ವಾರಗಳ ಹಿಂದೆ ಒಳನುಗ್ಗಿದ ತಾಯಂದಿರು. ಅವನ್ನು ಬೇರೆಯಾಗಿ ಎಣಿಸಿ, ಆ ಕಾಯಿಗೆ ಎಷ್ಟು ಕಣಜ ಹೊಕ್ಕಿದ್ದವು ಎಂಬ ಲೆಕ್ಕ ಅದರಿಂದ ಸಿಗುತ್ತದೆ.

ಒಂದೊಂದು ಗಾಲ್‌ನಿಂದ ಏನು ಬರುತ್ತದೆಂದು ನೋಡಬೇಕಾದರೆ, ಡಿ ಹಂತದ ಮುಂಚಿನ ದಿನ ಕಾಯಿ ಬಿಚ್ಚಿ, ಮುಚ್ಚಿದ ಗಾಲ್‌ಗಳನ್ನು ತೊಟ್ಟಿನ ಸಮೇತ ಒಂದೊಂದಾಗಿ 0.2 ಮಿಲಿ ಟ್ಯೂಬಿಗೆ ಹಾಕಿ. ಮುಚ್ಚಳಕ್ಕೆ ಕಾಯಿಸಿದ ಸೂಜಿಯಿಂದ ಅತಿ ಸಣ್ಣ ತೂತು ಮಾಡಿ. ಒಳ ಅಂತಸ್ತಿನವು, ಗೋಡೆ ಪಕ್ಕದವು ಎಂದು ಬೇರೆ ಸಾಲಿನಲ್ಲಿ ಜೋಡಿಸಿ. ಗಂಡಿಲ್ಲದೆ ಹೆಣ್ಣು ಹೊರಬರಲು ಹೆಣಗುತ್ತದೆ. ಒಂದು ದಿನ ಕಾದು, ಬರದಿದ್ದರೆ ಸೂಜಿಯಿಂದ ಗಾಲ್‌ಗೆ ತೂತು ಮಾಡಿ ನೆರವಾಗಿ.

ಎಣಿಕೆ

ಇಡೀ ಕಾಯಿ ಎಣಿಸಲು ಹೊರಟರೆ ಒಂದು ದಿನ ಹೋಗುತ್ತದೆ. ಬಲಿತ ಕಾಯಿಯನ್ನು ತೊಟ್ಟಿನಿಂದ ಕಣ್ಣಿಗೆ ಉದ್ದುದ್ದ ಎಂಟು ಹೋಳು ಮಾಡಿ, ಎದುರುಬದುರಿನ ಎರಡು ಹೋಳು ಎಣಿಸಿ, ನಾಲ್ಕರಿಂದ ಗುಣಿಸಿ. ಎರಡು ಹೋಳಿನಲ್ಲಿ 380 ಗಾಲ್, 410 ಬೀಜ, 90 ಪೊಳ್ಳು ಸಿಕ್ಕರೆ ಕಾಯಿಗೆ ಸುಮಾರು 1,520 ಗಾಲ್, 1,640 ಬೀಜ, 360 ಪೊಳ್ಳು. ಎರಡು ಹೋಳಿನ ಲೆಕ್ಕ ಒಂದಕ್ಕೊಂದು ಐದರಲ್ಲೊಂದು ಪಾಲಿಗಿಂತ ಹೆಚ್ಚು ವ್ಯತ್ಯಾಸವಾದರೆ ಮೂರನೆಯ ಹೋಳನ್ನೂ ಎಣಿಸಿ. ಗಾಲ್‌ಗಳು ಒಂದು ಮಗ್ಗುಲಲ್ಲೇ ಗುಂಪಾಗಿರುವುದು ಸಾಮಾನ್ಯ.

ಗುರುತು ಹಿಡಿಯುವುದು

ಹೆಣ್ಣಿನಿಂದ ಶುರು ಮಾಡಿ. ಸೆರಾಟೊಸೋಲೆನ್ ಹೆಣ್ಣಿನ ಮೈ ಗಾಢ ಬಣ್ಣದ್ದು, ತಲೆ ಚಪ್ಪಟೆ, ಹೊರಗೆ ಚಾಚಿದ ಸೂಜಿ ತೀರಾ ಗಿಡ್ಡ. ಕಣ್ಣಿನ ಪದರಗಳನ್ನು ತಳ್ಳಿಕೊಂಡು ಹೋಗಲು ದವಡೆಯಡಿ ಗರಗಸದಂಥ ಸಾಲುಗಳಿವೆ. ಸೈಕೋಫಾಗ ಹೆಣ್ಣಿಗೆ ಬಾಲದಂತೆ ಸೂಜಿ ಹೊರಗೇ ಕಾಣುತ್ತದೆ. ಟೆಸ್ಟೇಸಿಯ ಎಂಬ ಹೆಸರೇ ಇಟ್ಟಿಗೆಯ ಹಳದಿ ಕಂದು ಬಣ್ಣ ಎಂದು ಹೇಳುತ್ತದೆ, ಆದರೆ ಬರೀ ಬಣ್ಣ ನಂಬಬೇಡಿ. ಆಲ್ಕೋಹಾಲಿನಲ್ಲಿ ಅದು ಮಾಸುತ್ತದೆ. ಸೂಜಿಯ ಉದ್ದವನ್ನು ಮೈಯುದ್ದಕ್ಕೆ ಹೋಲಿಸಿ ಬರೆಯಿರಿ. ತಡವಾಗಿ ಬರುವ ಜಾತಿಗೆ ದಪ್ಪಗಾದ ಗೋಡೆ ದಾಟಬೇಕಿರುವುದರಿಂದ ಸೂಜಿ ಉದ್ದ. ಅಪೋಕ್ರಿಪ್ಟ ಹೆಣ್ಣಿನ ಹೊಟ್ಟೆ ಹಾರ್ಮೋನಿಯಂ ತಿದಿಯಂತೆ ಮಡಿಕೆ ಮಡಿಕೆಯಾಗಿ ಚಾಚಿಕೊಳ್ಳುತ್ತದೆ. ಅದು ಚುಚ್ಚುವ ಭಂಗಿಯನ್ನು ಒಮ್ಮೆ ನೋಡಿದವರು ಮತ್ತೆ ತಪ್ಪುವುದಿಲ್ಲ. ಭಾರತೀಯ ವಿಜ್ಞಾನ ಸಂಸ್ಥೆಯಲ್ಲಿ ನಡೆದು 2014ರಲ್ಲಿ ಪ್ರಕಟವಾದ ಅಧ್ಯಯನ ಅತ್ತಿಯ ಪರಾವಲಂಬಿ ಕಣಜದ ಸೂಜಿಯ ತುದಿಯಲ್ಲಿ ಸತು ಸೇರಿರುವುದನ್ನು ತೋರಿಸಿತು. ಗಟ್ಟಿ ಕಾಯಿಯನ್ನು ಮತ್ತೆ ಮತ್ತೆ ಕೊರೆದರೂ ಮೊನೆ ಮೊಂಡಾಗದಿರಲು ಆ ಲೋಹ ನೆರವಾಗುತ್ತದೆ.

ಗಂಡುಗಳ ವಿಷಯ ಕಷ್ಟ. ಇಲ್ಲಿ ಕಾಣುವ ಗಂಡುಗಳು ಬಹುಪಾಲು ರೆಕ್ಕೆಯಿಲ್ಲದವು, ಹಳದಿ ಕಂದು, ಅದೇ ಜಾತಿಯ ಹೆಣ್ಣಿಗೆ ಯಾವ ಹೋಲಿಕೆಯೂ ಇಲ್ಲ. ಮೂರನೆಯ ಗುಂಪಿನ ಚೀಲದಲ್ಲಿ ಸಿಕ್ಕ ಗಂಡುಗಳನ್ನು ಸೆರಾಟೊಸೋಲೆನ್ ಎಂದು ಪಕ್ಕಾ ಮಾಡಿಕೊಂಡು, ಉಳಿದವನ್ನು ಅದರ ಪಕ್ಕದಲ್ಲಿಟ್ಟು ನೋಡಿ.

ಕಾಪಿಡುವುದು

ಆಕಾರ ನೋಡಲು 70 ಶೇಕಡಾ ಇಥನಾಲ್ ಸಾಕು. 95 ಶೇಕಡಾದ್ದು 74 ಮಿಲಿ ತೆಗೆದು, ಬಟ್ಟಿ ಇಳಿಸಿದ ನೀರು ಸೇರಿಸಿ 100 ಮಿಲಿ ಮಾಡಿ. ಡಿಎನ್‌ಎ ಪರೀಕ್ಷೆಗೆ ಕಳಿಸುವುದಿದ್ದರೆ 95 ಶೇಕಡಾದ್ದರಲ್ಲೇ ಹಾಕಿ, ಒಂದು ದಿನದ ನಂತರ ಹೊಸದಾಗಿ ಬದಲಿಸಿ, ಫ್ರೀಜರಿನಲ್ಲಿಡಿ. ಗ್ಲಿಸರಿನ್ ಸೇರಿಸಿದ ಸ್ಯಾನಿಟೈಸರ್ ಬಳಸಬೇಡಿ, ರೆಕ್ಕೆಗಳು ಅಂಟಿಕೊಳ್ಳುತ್ತವೆ.

ಚೀಟಿ ಬಾಟಲಿಯ ಒಳಗಿರಲಿ, ಹೊರಗೆ ಅಂಟಿಸಿದ್ದು ಒಂದು ಮಳೆಗಾಲದಲ್ಲಿ ಕಳಚುತ್ತದೆ. ಪೆನ್ಸಿಲ್‌ನಲ್ಲಿ ಮರದ ಸಂಖ್ಯೆ, ಗೊಂಚಲು, ಕಾಯಿ, ಚೀಲದ ಗುಂಪು, ಕಾಯಿ ಬಿ ಹಂತಕ್ಕೆ ಬಂದ ತಾರೀಖು, ಕಣಜ ಹೊರಬಂದ ತಾರೀಖು ಬರೆಯಿರಿ. ಊರು ಮತ್ತು ದಿನಾಂಕ ಮಾತ್ರ ಬರೆದು, ಬಿ ಹಂತದ ತಾರೀಖು ಬಿಟ್ಟ ಬಾಟಲಿಗಳು ಸಂಗ್ರಹಗಳಲ್ಲಿ ಸಾಲುಗಟ್ಟಿ ಕೂತಿರುತ್ತವೆ. ಅವುಗಳೊಳಗಿನ ಕಣಜದ ಹೆಸರು ಹೇಳಬಹುದು, ಆದರೆ ಆ ಗಾಲ್ ಕಟ್ಟಿದ್ದು ಅದೇ ಕಣಜವೋ, ಕಟ್ಟಿದವರನ್ನು ತಿಂದು ಬಂದದ್ದೋ ಹೇಳಲಾಗದು.